ನಮ್ಮ ಅತ್ತೆಯ ನಗು ಟೀವಿಗೆ ಹೋದದ್ದು

ರಾಜೇಶ್ವರದ ನಮ್ಮ ಕಾಕಾ, ನನ್ನ ಅಪ್ಪನ ತಮ್ಮ, ಒಂದು ಸೋಮವಾರ ಮೊದಲ ಬಸ್ಸಿಗೆ ಬಸವಕಲ್ಯಾಣಕ್ಕೆ ಬಂದವರು, ಮನೆಯೊಳಗೆ ಕಾಲಿಡದೆ ಹೊರಗಿನ ಕಟ್ಟೆಯ ಮೇಲೆ ಕೂತು ಅಳತೊಡಗಿದರು. ನಾನು ಅಡುಗೆಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದೆ. ಗಂಡಸಿನ ಅಳು ಕೇಳಿ ಹಿಟ್ಟಿನ ಕೈಯಲ್ಲೇ ಹೊರಗೆ ಓಡಿದೆ. ಕಾಕಾ ತಲೆ ಎತ್ತಿ ನನ್ನನ್ನು ನೋಡಿದರು. ಅಳು ನಿಂತಿತು. ಬಾಯಿ ಮಾತ್ರ ತೆರೆದೇ ಇತ್ತು.

“ಜೀವಂತ ಇದ್ದೀ ಏನ್ ಯವ್ವಾ?”

“ನನಗೇನಾಗ್ಯದ ಕಾಕಾ? ಒಳಗ ಬರ್ರಿ ಮೊದಲ.”

“ನಿನ್ನಿ ರಾತ್ರಿ ಟೀವ್ಯಾಗ ನಿನ್ನ ಸುಟ್ರಲ್ಲ! ನಾ ಕೊಟ್ಟ ಸ್ಟೋವೇ ತೋರಿಸಿದ್ರು. ನಿಮ್ಮತ್ತಿ ನಿಂತು ನಗಾಕತ್ತಿದ್ರು.”

ಅವರಿಗೆ ಚಹಾ ತಂದ ಅತ್ತೆ ನನ್ನ ಹಿಂದೆಯೇ ನಿಂತಿದ್ದರು. ಕಾಕಾನ ಮಾತು ಅವರ ಕಿವಿಗೆ ಬಿತ್ತು. ಚಹಾದ ಬಟ್ಟಲನ್ನು ಮೆಲ್ಲಗೆ ಕಟ್ಟೆಯ ಮೇಲಿಟ್ಟು ಒಳಗೆ ಹೋದರು.

ಕಾಕಾ ಹೇಳಿದ್ದರಲ್ಲಿ ನಮಗೆ ತಲೆ ಬುಡ ತಿಳಿಯಲಿಲ್ಲ. ಭಾನುವಾರ ರಾತ್ರಿ ಒಂದು ಚಾನೆಲ್ಲಿನಲ್ಲಿ ವರದಕ್ಷಿಣೆಯ ಸಾವುಗಳ ಮೇಲೆ ಒಂದು ತಾಸಿನ ಸಾಕ್ಷ್ಯಚಿತ್ರ ಬಂದಿತ್ತಂತೆ. ಅದರಲ್ಲಿ ಮದುಮಗಳಾಗಿ ನಾನು, ಕೊಂದವಳಾಗಿ ಅತ್ತೆ. ಹುಮನಾಬಾದಿನ ನನ್ನ ತವರಿಗೂ ತಿಳಿಸದೆ ಅತ್ತೆಮನೆಯವರು ಎಲ್ಲ ಮುಚ್ಚಿಹಾಕಿದ್ದಾರೆಂದು ತಿಳಿದು, ಫೋನ್ ಮಾಡಿ ಕೇಳುವ ಧೈರ್ಯವಾಗದೆ, ಕಾಕಾ ರಾತ್ರಿಯೆಲ್ಲ ಹೊರಳಾಡಿ ಬೆಳಗಾದದ್ದೇ ಬಸ್ಸು ಹತ್ತಿದ್ದರು.

ಆ ಸ್ಟೋವಿನ ಕಥೆ ಹೇಳಬೇಕು. ನನ್ನ ಮದುವೆ ತೊಂಬತ್ತರ ದಶಕದ ನಡುವೆ ಹುಮನಾಬಾದಿನಲ್ಲಿ ಆಯಿತು. ವಿಡಿಯೋ ತೆಗೆಸುವುದು ಆಗ ನಮ್ಮ ಕಡೆ ಹೊಸದು. ಅಪ್ಪನಿಗೆ ಅದರ ಹೌಸು, ಭಾರಿ ಆಸೆ. ಊರಿನ ವಿಡಿಯೋದವನು ದೊಡ್ಡ ಲೈಟು ಹಿಡಿದ ಸಹಾಯಕನ ಜೊತೆ ಬಂದಿದ್ದ. ಆ ಲೈಟಿಗೆ ನಮ್ಮ ಮುಖದ ಅರಿಸಿನ ಬೆವರಿನಲ್ಲಿ ಕರಗಿ ಇಳಿಯುತ್ತಿತ್ತು. ಉಡುಗೊರೆಯ ಆಯೇರಿ ಕೊಡುವ ಹೊತ್ತಿಗೆ ಕಾಕಾ ಹಿತ್ತಾಳೆಯ ಪಂಪ್ ಸ್ಟೋವ್ ತಂದರು. ಕ್ಯಾಮೆರಾ ತಮ್ಮತ್ತ ತಿರುಗಿದ್ದನ್ನು ಕಂಡದ್ದೇ ಸ್ಟೋವನ್ನು ಎದೆಯ ಮಟ್ಟಕ್ಕೆ ಎತ್ತಿ, ಉಸಿರು ಬಿಗಿಹಿಡಿದು, ಕಣ್ಣು ಮಿಟುಕಿಸದೆ ನಿಂತುಬಿಟ್ಟರು. ಫೋಟೋ ತೆಗೆಯುತ್ತಿದ್ದಾರೆಂದು ಅವರ ಲೆಕ್ಕ. ಎಷ್ಟು ಹೊತ್ತಾದರೂ ಅಲುಗಾಡಲಿಲ್ಲ. ಕೊನೆಗೆ ವಿಡಿಯೋದವನೇ, “ಕಾಕಾ, ಉಸರಾ ಬಿಡ್ರಿ, ಇದು ಫೋಟೋ ಅಲ್ಲ, ನಡೀತದ,” ಎಂದ. ಎದುರಿಗೆ ಕೂತಿದ್ದ ಅತ್ತೆ ನಕ್ಕರು. ಮೈ ಕುಲುಕಿಸಿ, ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕರು. ಬೀಗರ ಮುಂದೆ ಹಾಗೆ ನಗಬಾರದೆಂದು ಯಾರೋ ಮೊಣಕೈಯಿಂದ ತಿವಿದಾಗ ಇನ್ನೂ ಹೆಚ್ಚು ನಗು ಬಂತು.

ಆ ನಗು ನೋಡಿ ನನಗೆ ಧೈರ್ಯ ಬಂದಿತ್ತು. ಇಂಥವರ ಮನೆಯಲ್ಲಿ ಬದುಕಬಹುದು ಅನಿಸಿತ್ತು. ಮಾವ ತೀರಿಹೋಗಿದ್ದರು, ಕಿರಾಣಿ ಅಂಗಡಿ, ಎರಡು ಗಂಡುಮಕ್ಕಳು, ಊರಾಚೆಯ ಹೊಲ, ಎಲ್ಲವನ್ನೂ ಅತ್ತೆಯೇ ನಿಭಾಯಿಸಿದ್ದರು. ಹೆಣ್ಣು ನೋಡಲು ಬಂದಾಗ ಕೊಡುವ ತೊಗೊಳ್ಳುವ ಮಾತನ್ನು ಅಪ್ಪನೇ ಎತ್ತಿದ್ದ. “ಆ ಮಾತ ಬ್ಯಾಡ್ರಿ, ಕೇಳಿ ತೊಗೊಂಡ ಬದುಕೋ ಮನಿ ಅಲ್ಲ ನಮ್ದು,” ಎಂದು ಅತ್ತೆ ಅದನ್ನು ಅಲ್ಲಿಗೇ ಮುಗಿಸಿದ್ದರು. ಹಾಗಂತ ಅವರೇನು ಮೆತ್ತನೆಯ ಮನುಷ್ಯರಲ್ಲ. ಸಕ್ಕರೆ ಡಬ್ಬಿಗೆ ಬೀಗ ಹಾಕುತ್ತಿದ್ದರು. ತವರಿಗೆ ಹೋಗುತ್ತೇನೆಂದರೆ ಮೋರೆ ಗಂಟಿಕ್ಕುತ್ತಿದ್ದರು. ಪಲ್ಯಕ್ಕೆ ಉಪ್ಪು ಹೆಚ್ಚಾದರೆ ತಾಟು ಸರಿಸಿ, “ಇದು ಉಣ್ಣಾಕ ಮಾಡಿದ್ದೇನ್, ಗಾಯಕ್ಕ ಹಚ್ಚಾಕ ಮಾಡಿದ್ದೇನ್?” ಎನ್ನುತ್ತಿದ್ದರು. ನಾನೂ ಸುಮ್ಮನಿರುವವಳಲ್ಲ. ನಮ್ಮಿಬ್ಬರ ಜಗಳ ಓಣಿಯ ಕೊನೆಗೆ ಕೇಳಿಸುತ್ತಿತ್ತು. ಮತ್ತೆ ಸಂಜೆ ಒಂದೇ ಮೊರದಲ್ಲಿ ಜೋಳ ಹಸನು ಮಾಡುತ್ತ ಕೂರುತ್ತಿದ್ದೆವು. ಎಲ್ಲ ಮನೆಗಳ ಹಾಗೆ.

ಅದೇ ಕಾರ್ಯಕ್ರಮ ಬುಧವಾರ ಮಧ್ಯಾಹ್ನ ಮರುಪ್ರಸಾರವಾಯಿತು. ನನ್ನ ಗಂಡ, ನಮ್ಮ ಮನೆಯವರು, ಅಂಗಡಿ ಮುಚ್ಚಿ ಬಂದರು. ಅತ್ತೆ ತಾವಾಗಿ ಬಂದು ಟೀವಿಯ ಮುಂದೆ ನೆಲದ ಮೇಲೆ ಕೂತರು.

ಮೊದಲಿಗೆ ದೂರದ ಬೇರೆ ಜಿಲ್ಲೆಯ ಒಂದು ಮನೆ ತೋರಿಸಿದರು. ಗೋಡೆಯ ಮಸಿ, ಬಾಗಿಲಿಗೆ ಪೊಲೀಸರ ಬೀಗ. ಅಲ್ಲಿ ಒಬ್ಬ ಹುಡುಗಿ ಸತ್ತಿದ್ದಳು. ಗಂಭೀರ ದನಿಯ ಒಬ್ಬ ಗಂಡಸು ಹಿನ್ನೆಲೆಯಲ್ಲಿ ಹೇಳುತ್ತಿದ್ದ: ಎಷ್ಟೋ ಕನಸು ಹೊತ್ತು ಅವಳು ಹಸೆಮಣೆ ಏರಿದ್ದಳು. ಆಗ ನಾನು ಬಂದೆ. ಬಾಸಿಂಗ ಕಟ್ಟಿಕೊಂಡು ತಲೆ ತಗ್ಗಿಸಿ ಕೂತ ನಾನು. ಬಣ್ಣ ತೆಗೆದು ಬೂದಿಯ ಹಾಗೆ ಮಾಡಿದ್ದರು. ನನ್ನ ಅವ್ವ ಅಕ್ಕಿ ಹಾಕುತ್ತಿದ್ದಳು, ಅಪ್ಪ ಕಣ್ಣೊರೆಸಿಕೊಳ್ಳುತ್ತಿದ್ದ. ಅತ್ತೆಮನೆಯ ಆಸೆಗೆ ಮಿತಿಯಿರಲಿಲ್ಲ ಎಂದ ಆ ಗಂಡಸು. ಆಗ ಸ್ಟೀಲಿನ ಪಾತ್ರೆಗಳ ಸಾಲು, ಅದರ ಕೊನೆಗೆ ಸ್ಟೋವು. ಸ್ಟೋವಿನ ಮೇಲೆ ಚಿತ್ರ ನಿಂತಿತು, ಹಿಂದೆ ಯಾವುದೋ ನಗಾರಿ ಬಡಿಯಿತು. ಆಮೇಲೆ ಅತ್ತೆಯ ಮುಖ.

ನಗುವನ್ನು ನಿಧಾನ ಮಾಡಿದ್ದರು. ತುಟಿಗಳು ಒಂದೊಂದೇ ಎಳೆಯಾಗಿ ಬಿಚ್ಚಿಕೊಂಡವು, ಹಲ್ಲು ಕಂಡಿತು, ಎಲೆಯಡಿಕೆಯ ಕೆಂಪು ಆ ಬೂದಿ ಬಣ್ಣದಲ್ಲಿ ಕಪ್ಪಗೆ ಕಂಡಿತು. ಗಲ್ಲ ಕುಲುಕಿತು. ಕಣ್ಣು ಸ್ಟೋವಿನ ಕಡೆ. ನಗುವಿನ ಸಪ್ಪಳ ತೆಗೆದು ಅದರ ಜಾಗಕ್ಕೆ ಒಬ್ಬ ಹೆಂಗಸು ಚೀರುವ ಸಪ್ಪಳ ಹಾಕಿದ್ದರು. ಆಮೇಲೆ ಬೆಂಕಿ. ಅದು ಎಲ್ಲಿಯ ಬೆಂಕಿಯೋ. ಮೂಲೆಯಲ್ಲಿ ಇರುವೆಯಷ್ಟು ಸಣ್ಣ ಅಕ್ಷರದಲ್ಲಿ “ಸಂಗ್ರಹ ಚಿತ್ರ” ಎಂದಿತ್ತು. ನಾನು ಟೀವಿಯ ಹತ್ತಿರ ಹೋಗಿ ಬಗ್ಗಿದಾಗ ಕಂಡಿತು.

ನಾನು ಎದ್ದು ಬಚ್ಚಲಿಗೆ ಹೋಗಿ ವಾಂತಿ ಮಾಡಿದೆ. ಸತ್ತವಳಾಗಿ ತೋರಿಸಿದ್ದಕ್ಕಲ್ಲ, ಅದು ಅಪಶಕುನ ಎಂದು ಅವ್ವ ಆಮೇಲೆ ದೃಷ್ಟಿ ತೆಗೆದಳು, ಅದು ಬೇರೆ. ಯಾರೋ ಒಬ್ಬ ಗಂಡಸು ಒಂದು ಕೋಣೆಯಲ್ಲಿ ಕೂತು ನಮ್ಮ ಅತ್ತೆಯ ನಗುವನ್ನು ಹಿಂದೆ ಮುಂದೆ ಓಡಿಸಿ, ಎಲ್ಲಿ ಕತ್ತರಿಸಿದರೆ ಅದು ಹೇಸಿಗೆಯಾಗಿ ಕಾಣುತ್ತದೆ ಎಂದು ಹುಡುಕಿದ್ದನಲ್ಲ, ಅದಕ್ಕೆ. ನನ್ನ ಅಪ್ಪನ ಕಣ್ಣೀರನ್ನು ಬೆರಳಲ್ಲಿ ಎತ್ತಿ ಬೇರೆ ಕಡೆ ಸವರಿದ್ದನಲ್ಲ, ಅದಕ್ಕೆ. ಕೊಳಕು ಕೈ ನಮ್ಮ ಮನೆಯ ಟ್ರಂಕಿನೊಳಗೆ ಆಡಿದ ಹಾಗಿತ್ತು. ಆ ಮದುವೆಯ ಸೀರೆಯನ್ನು ನಾನು ಮತ್ತೆ ಉಡಲಿಲ್ಲ. ತೊಳೆದರೆ ಹೋಗುವ ಕೊಳೆಯಲ್ಲ ಅದು.

ಅತ್ತೆ ಕೇಳಿದ್ದು ಒಂದೇ ಮಾತು: “ನಾ ಹಿಂಗ ನಗ್ತೇನೇನ್?”

ಊರಲ್ಲಿ ನಮ್ಮನ್ನು ಬಲ್ಲವರಿಗೆ ಸತ್ಯ ಗೊತ್ತಿತ್ತು. ನಾನು ಕಣ್ಣೆದುರು ತಿರುಗಾಡುತ್ತಿದ್ದೆನಲ್ಲ. ಆದರೂ ನೋಡಿದ್ದು ನೋಡಿದ್ದೇ. ಅಂಗಡಿಗೆ ಬಂದವರು, “ಏನ್ ಸಾವ್ಕಾರ, ಸೀಮಿ ಎಣ್ಣಿ ಅದನ?” ಎಂದು ನಗೆಯಾಡತೊಡಗಿದರು. ಅತ್ತೆ ಸಂತೆಗೆ ಹೋದರೆ ಹಳ್ಳಿಯಿಂದ ಬಂದ ಹೆಂಗಸರು ಬುಟ್ಟಿಯ ಮರೆಯಲ್ಲಿ ಗುಸುಗುಸು ಎನ್ನುವರು. ನಮ್ಮ ಹಳೆಯ ಜಗಳಗಳಿಗೆಲ್ಲ ಈಗ ಬೇರೆ ಅರ್ಥ ಬಂತು. ಪಕ್ಕದ ಮನೆಯವಳು ಗೋಡೆಯ ಮೇಲಿಂದ ಬಾಗಿ ನನ್ನನ್ನು ಕೇಳಿದಳು: “ಖರೆ ಹೇಳ ತಂಗಿ, ಎಂದಾದ್ರೂ ಹೊಡದಾರೇನ?” ನಾನು ಬೈದು ಕಳಿಸಿದೆ. ಅವಳು ಹೋದಳು, ಆದರೆ ನಾನು ಹೆದರಿ ಸುಳ್ಳು ಹೇಳುತ್ತಿದ್ದೇನೆಂದುಕೊಂಡು ಹೋದಳು.

ಮಳೆಗಾಲದ ಶುರುವಿನಲ್ಲಿ ಭಜಿ ಕರಿಯುವಾಗ ಎಣ್ಣೆ ಸಿಡಿದು ನನ್ನ ಮಣಿಕಟ್ಟು ಸುಟ್ಟಿತು. ಅತ್ತೆಯೇ ಆಟೋದಲ್ಲಿ ದವಾಖಾನೆಗೆ ಕರೆದೊಯ್ದರು. ದಾರಿಯುದ್ದಕ್ಕೂ ನನ್ನ ಕೈ ಊದುತ್ತಲೇ ಇದ್ದರು. ಅಲ್ಲಿಯ ನರ್ಸು ಮೊದಲು ಗಾಯ ನೋಡಿದಳು, ಆಮೇಲೆ ಅತ್ತೆಯ ಮುಖ ನೋಡಿದಳು. ಎಲ್ಲೋ ಕಂಡ ಮುಖವೆಂದು ಅವಳ ಹಣೆ ಸುಕ್ಕುಗಟ್ಟಿತು.

“ನೀವು ಜರಾ ಹೊರಗ ಕೂಡ್ರಿ ಅಮ್ಮ.”

ಬಾಗಿಲು ಮುಂದೆ ಮಾಡಿ ನನ್ನ ಹತ್ತಿರ ಬಂದಳು. ದನಿ ತಗ್ಗಿಸಿದಳು. “ಹೆದರಬ್ಯಾಡ್ರಿ. ನಾ ಯಾರಿಗೂ ಹೇಳಂಗಿಲ್ಲ. ಹ್ಯಾಂಗ ಆಯ್ತು ಇದು?”

“ಭಜಿ ಕರಿಯಾಕತ್ತಿದ್ದೆ.”

“ಎಲ್ಲಾರೂ ಹಿಂಗೇ ಹೇಳ್ತಾರ್ರಿ.”

ಅವಳು ಒಳ್ಳೆಯ ಹೆಂಗಸು. ನಿಜವಾಗಿ ಸುಡಿಸಿಕೊಂಡು ಬಂದವರನ್ನು ಕಂಡಿದ್ದಳು; ಹಾಗೆ ಕೇಳುವುದು ಅವಳ ಧರ್ಮ. ಅದಕ್ಕೇ ಅವಳ ಮೇಲೆ ಸಿಟ್ಟೂ ಬರಲಿಲ್ಲ. ಬಾಗಿಲ ಸಂದಿಯಲ್ಲಿ ಹೊರಗಿನ ಬೆಂಚು ಕಾಣುತ್ತಿತ್ತು. ಅತ್ತೆ ಒಬ್ಬರೇ ಕೂತಿದ್ದರು. ಬೆಂಚಿನ ಉಳಿದ ಜಾಗ ಖಾಲಿ, ಜನ ನಿಂತೇ ಇದ್ದರು. ಅತ್ತೆಯ ತೊಡೆಯ ಮೇಲೆ ನನ್ನ ಚಪ್ಪಲಿ ಇತ್ತು. ಯಾರಾದರೂ ಒಯ್ದಾರೆಂದು ಎತ್ತಿಟ್ಟುಕೊಂಡಿದ್ದರು.

ಅಂದಿನಿಂದ ಅವರು ನನ್ನನ್ನು ಬೈಯುವುದು ಬಿಟ್ಟರು. ಸಕ್ಕರೆ ಡಬ್ಬಿಯ ಬೀಗ ಹೋಯಿತು. ಒಂದು ದಿನ ನಾನು ಬೇಕೆಂದೇ ಬೇಳೆಗೆ ಎರಡು ಸಲ ಉಪ್ಪು ಹಾಕಿದೆ. ತಲೆ ಎತ್ತದೆ ಉಂಡು, ತಾಟಿನಲ್ಲಿ ಕೈ ತೊಳೆದು ಎದ್ದರು. ನಾನು ಅಡುಗೆಮನೆಯಲ್ಲಿ ಕೂತು ಕಣ್ಣೀರು ಹಾಕಿದೆ. ಮನೆಯವರಿಗೆ, “ಇದನ್ನ ಇಲ್ಲಿಗೆ ಬಿಡಬಾರದು ನೋಡ್ರಿ,” ಎಂದೆ.

ಇಬ್ಬರೂ ಮೊದಲು ಹುಮನಾಬಾದಿಗೆ ಹೋದೆವು. ವಿಡಿಯೋದವನ ಅಂಗಡಿ ಈಗ ಮೊಬೈಲು ರಿಪೇರಿಯ ಅಂಗಡಿಯಾಗಿತ್ತು. ಅವನು ನಮ್ಮನ್ನು ಗುರುತು ಹಿಡಿದು ಚಹಾ ತರಿಸಿದ. ವಿಷಯ ತೆಗೆದಾಗ ಮುಖ ಆಚೆ ತಿರುಗಿಸಿದ.

“ಅಸಲ ಕ್ಯಾಸೆಟ್ಟ ನನ್ನ ಕಡೆ ಉಳದಿದ್ದವ್ರಿ ಅಕ್ಕ. ಬೂಜ ಹಿಡಿಯಾಕತ್ತಿದ್ದವು. ಟೀವಿ ಸುದ್ದಿಯಂವ ಒಬ್ಬ ಬಂದ, ಶಾದಿ ಶಾಟ್ ಬೇಕು, ಹಳ್ಳಿ ಶಾಟ್ ಬೇಕು ಅಂದ. ಒಂದು ಗೋಣಿಚೀಲ ತುಂಬಿಕೊಟ್ಟೆ. ಇಂಥಾದಕ್ಕ ಹಾಕ್ತಾರಂತ ನನಗೇನ್ ಗೊತ್ತ್ರಿ?”

“ಒಂದು ಚೀಲ ತುಂಬ ಯಾರ ಮದುವಿ ಇದ್ದವು?” ಎಂದೆ.

“ಎಲ್ಲಾರದೂ ಇದ್ದವ್ರಿ.”

ಗೋಣಿಯಲ್ಲಿ ಜೋಳ ತುಂಬಿದ ಹಾಗೆ ಊರಿನ ಮದುವೆಗಳನ್ನೆಲ್ಲ ತುಂಬಿ ಕೊಟ್ಟಿದ್ದ. ನಾನು ಚಹಾ ಕುಡಿಯದೆ ಬಟ್ಟಲನ್ನು ಅಲ್ಲೇ ಬಿಟ್ಟು ಎದ್ದೆ.

ಚಾನೆಲ್ಲಿನ ಆಫೀಸು ಗುಲಬರ್ಗಾದಲ್ಲಿತ್ತು. ಒಂದು ಮಹಡಿಯ ಮೇಲೆ ತಣ್ಣಗಿನ ಕೋಣೆ. ಆ ಕಾರ್ಯಕ್ರಮ ಮಾಡಿದವನು ಆ ವಾರ ಬೆಂಗಳೂರಿನಿಂದ ಅಲ್ಲಿಗೆ ಬಂದಿದ್ದಾನೆಂದು ತಿಳಿದುಕೊಂಡೇ ಹೋಗಿದ್ದೆವು. ಮೂವತ್ತರ ಆಸುಪಾಸಿನವನು, ಮೃದು ಮಾತು. ನಾನು ಯಾರೆಂದು ಹೇಳಿದಾಗ ನಂಬದೆ ತನ್ನ ಯಂತ್ರದಲ್ಲಿ ಆ ಭಾಗ ಹಾಕಿಸಿದ. ಪರದೆಯಲ್ಲಿ ನಾನು ಬೂದಿ ಬಣ್ಣದಲ್ಲಿ ತಲೆ ತಗ್ಗಿಸಿ ಕೂತೆ. ಅವನು ಪರದೆಯನ್ನೊಮ್ಮೆ ನೋಡಿದ, ನನ್ನನ್ನೊಮ್ಮೆ ನೋಡಿದ.

“ಹೌದು, ನೀವೇ. ಈಗ ಸ್ವಲ್ಪ ದಪ್ಪ ಆಗಿದ್ದೀರಿ ಅಷ್ಟೆ.”

ಮನೆಯವರು ಕುರ್ಚಿಯಿಂದ ಎದ್ದೇಬಿಟ್ಟರು. ನಾನು ಅವರ ಅಂಗಿ ಹಿಡಿದು ಕೂರಿಸಿದೆ.

“ಸತ್ತ ಹುಡುಗಿದು ತೋರಿಸೋದು ಬಿಟ್ಟು ನಮ್ದ್ಯಾಕ ತೋರಿಸಿದ್ರಿ?” ಎಂದು ಕೇಳಿದೆ.

“ಅವರ ಮನೇಲಿ ಮದುವೆ ವಿಡಿಯೋ ಇರಲಿಲ್ಲ ಮೇಡಂ. ಬಡವರು. ಒಂದು ಫೋಟೋ ಇತ್ತು, ಅದೂ ಕ್ಲಿಯರ್ ಇರಲಿಲ್ಲ. ಜನ ನೋಡಬೇಕಂದ್ರೆ ಏನಾದ್ರೂ ಓಡಬೇಕಲ್ಲ ಸ್ಕ್ರೀನ್ ಮೇಲೆ. ನಾವು ‘ಸಂಗ್ರಹ ಚಿತ್ರ’ ಅಂತ ಹಾಕಿದ್ದೀವಿ ನೋಡಿ.”

“ನಮ್ಮತ್ತಿ ನಕ್ಕಿದ್ದು ಯಾಕಂತ ಗೊತ್ತೇನ್ರಿ ನಿಮಗ?”

“ಯಾಕಾದ್ರೂ ನಕ್ಕಿರಲಿ ಮೇಡಂ. ಆ ಎಕ್ಸ್‌ಪ್ರೆಶನ್ ನಮಗೆ ಬೇಕಿತ್ತು.”

ಆ ಮಾತಾಡುವಾಗ ಅವನ ಮುಖದಲ್ಲಿ ಕೆಟ್ಟತನವೇನೂ ಇರಲಿಲ್ಲ. ಇದ್ದಿದ್ದರೆ ಇಷ್ಟು ಹೇಸಿಗೆಯಾಗುತ್ತಿರಲಿಲ್ಲವೇನೋ. ಅವನು ಒಳ್ಳೆಯ ಕೆಲಸ ಮಾಡುತ್ತಿದ್ದೇನೆಂದು ನಂಬಿದ್ದ. ಹೆಣ್ಣುಮಕ್ಕಳು ಸಾಯಬಾರದೆಂದು ಅವನಿಗೂ ಇತ್ತು. ಅದಕ್ಕಾಗಿ ಸತ್ತವಳ ಮುಖವನ್ನೇ ಒರೆಸಿ, ಬದುಕಿದವಳ ಮುಖ ಅಂಟಿಸಿದ್ದ. ಆ ಹುಡುಗಿಯ ಮಾಸಿದ ಫೋಟೋ ಯಾರ ಕೈಯಲ್ಲಿತ್ತೋ. ಅವಳ ತಾಯಿ ಆ ಕಾರ್ಯಕ್ರಮ ನೋಡಿದ್ದರೆ, ತನ್ನ ಮಗಳ ಸಾವಿನಲ್ಲಿ ಗುರುತಿಲ್ಲದ ಯಾವಳೋ ಬಾಸಿಂಗ ಕಟ್ಟಿಕೊಂಡು ಕೂತದ್ದನ್ನು ಕಂಡು ಏನೆಂದುಕೊಂಡಿರಬೇಕು? ಅಲ್ಲಿಯವರೆಗೆ ನಾನು ನಮ್ಮ ಮನೆಯ ಮಾನವನ್ನಷ್ಟೇ ಯೋಚಿಸಿದ್ದೆ. ಆ ತಣ್ಣಗಿನ ಕೋಣೆಯಲ್ಲಿ ಮೊದಲ ಸಲ ಆ ಹುಡುಗಿಯ ನೆನಪಾಯಿತು.

ಅವನು ಏನೋ ಹೊಳೆದವನಂತೆ ಮುಂದಕ್ಕೆ ಬಾಗಿದ. “ಒಂದು ಕೆಲಸ ಮಾಡೋಣ. ನೀವಿಬ್ಬರೂ ಅತ್ತೆ ಸೊಸೆ ಬನ್ನಿ. ಸತ್ತವಳೇ ಎದ್ದು ಬಂದಳು ಅಂತ ಒಂದು ಸ್ಪೆಷಲ್ ಮಾಡ್ತೀವಿ. ಎಲ್ಲ ಕ್ಲಿಯರ್ ಆಗುತ್ತೆ.”

“ನಮ್ಮ ಚಿತ್ರ ತಗದು ಹಾಕ್ರಿ, ಅಷ್ಟ ಸಾಕು,” ಎಂದೆ.

ಮುಖ ಕಾಣದಂತೆ ಮಾಡುತ್ತೇವೆಂದು ಮಾತು ಕೊಟ್ಟು ಕಳಿಸಿದ. ಮಾತಿಗೆ ತಪ್ಪಲಿಲ್ಲ. ಮುಂದಿನ ಸಲ ಪ್ರಸಾರವಾದಾಗ ನನ್ನ ಮುಖ ಮಸುಕಾಗಿತ್ತು. ಅತ್ತೆಯ ಕಣ್ಣಿನ ಮೇಲೆ ಒಂದು ಕರಿ ಪಟ್ಟಿ ಅಂಟಿಸಿದ್ದರು. ಪೊಲೀಸರು ಹಿಡಿದುಕೊಂಡು ಹೋಗುವ ಕಳ್ಳರಿಗೆ ಹಾಕುವಂಥ ಪಟ್ಟಿ. ಅದರ ಕೆಳಗೆ ಬಾಯಿ ಮಾತ್ರ ಹಾಗೇ ನಗುತ್ತಿತ್ತು. ಮೊದಲು ಯಾರದೋ ಅತ್ತೆಯಂತಿದ್ದವರು ಈಗ ಅಪರಾಧಿಯೇ ಆಗಿದ್ದರು. ಅಂಗಡಿಗೆ ಬಂದ ಒಬ್ಬ, “ಅಮ್ಮನ ಮುಖ ಮುಚ್ಚ್ಯಾರ, ಕೇಸ್ ಆಗ್ಯದ ಕಾಣ್ತದ,” ಎಂದನಂತೆ.

ಕೊನೆಗೆ ಬಸವಕಲ್ಯಾಣದ ಒಬ್ಬ ವಕೀಲರನ್ನು ಹಿಡಿದು ನೋಟಿಸು ಕೊಡಿಸಿದೆವು. ಆ ಮೇಲೆ ಆ ಸಾಕ್ಷ್ಯಚಿತ್ರ ಬರುವುದು ನಿಂತಿತು. ಆದರೆ ನಗು ನಿಲ್ಲಲಿಲ್ಲ. ಚೀಲದೊಳಗಿನ ಕ್ಯಾಸೆಟ್ಟು ಯಾವ ಯಾವ ಕೈಗೆ ಹೋಗಿತ್ತೋ, ಒಮ್ಮೆ ಬಂಗಾರದ ರೇಟು ಇಳಿದ ಸುದ್ದಿಯಲ್ಲಿ ಅತ್ತೆ ನಕ್ಕರು. ಇನ್ನೊಮ್ಮೆ ಬೇರೆ ಚಾನೆಲ್ಲಿನಲ್ಲಿ, ಹಳ್ಳಿಯ ಹೆಂಗಸರು ಎಷ್ಟು ಸುಖವಾಗಿದ್ದಾರೆಂದು ತೋರಿಸಲು, ಅದೇ ನಗುವನ್ನು ಬಣ್ಣದಲ್ಲಿ ಹಾಕಿದ್ದರು. ಮನೆಯವರು ವಕೀಲರ ಬಳಿಗೆ ಮತ್ತೆ ಹೊರಟಾಗ ಅತ್ತೆಯೇ ತಡೆದರು.

“ಬಿಡೋ. ಎಷ್ಟ ಮಂದಿ ಬಾಯಿ ಮುಚ್ಚತಿ? ನನ್ನ ಬಾಯಿ ಮುಚ್ಚಕೊಂಡ್ರ ಆಯ್ತು.”

ಹಾಗೆಯೇ ಮಾಡಿದರು. ನಗು ಬಂದರೆ ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಳ್ಳುವುದು ಅಭ್ಯಾಸವಾಯಿತು. ಮನೆಯೊಳಗೆ ನಾವಷ್ಟೇ ಇದ್ದಾಗಲೂ.

ಕೆಲವು ವರ್ಷಕ್ಕೆ ಮೈದುನನ ಮದುವೆ ಕೂಡಿಬಂತು. ಹೆಣ್ಣು ನಾರಾಯಣಪುರದವಳು. ವಿಡಿಯೋ ಬೇಡವೆಂದು ನಾವು ಹೇಳಿದ್ದಕ್ಕೆ ಬೀಗರು ಮುನಿಸಿಕೊಂಡರು. ಅತ್ತೆಯೇ ಸಮಾಧಾನ ಹೇಳಿದರು: “ತಗೀಸ್ರಿ, ಪೋರಿ ಹೌಸ ಅದ. ನಾ ಮಾತ್ರ ಅದರಾಗ ಬ್ಯಾಡ.”

ಅಕ್ಕಿ ಹಾಕುವ ಹೊತ್ತಿಗೆ ನೋಡಿದರೆ ಅತ್ತೆ ಚಪ್ಪರದಲ್ಲಿಲ್ಲ. ಹುಡುಕುತ್ತ ಹಿಂದೆ ಹೋದೆ. ಅಡುಗೆಯವರ ಪಕ್ಕ, ನೀರಿನ ಡ್ರಮ್ಮುಗಳ ನಡುವೆ, ರೇಷ್ಮೆ ಸೀರೆ ಉಟ್ಟು, ಸೆರಗು ಬಾಯಿಗೆ ಒತ್ತಿಕೊಂಡು ಕೂತಿದ್ದರು. ಮುಷ್ಟಿಯಲ್ಲಿ ಅಕ್ಕಿ ಇತ್ತು. ಒಳಗೆ ಮಂತ್ರ ಶುರುವಾಗಿತ್ತು. ಅವರ ಹೊಟ್ಟೆಯಲ್ಲಿ ಹುಟ್ಟಿದ ಮಗನ ಮದುವೆ ಅದು.

ನಾನು ಚಪ್ಪರಕ್ಕೆ ಬಂದು ಕ್ಯಾಮೆರಾದವನಿಗೆ, “ಬಂದ್ ಮಾಡ್ರಿ,” ಎಂದೆ.

“ಅಕ್ಕ, ಇದೇ ಮೇನ್ ಶಾಟ್ ರೀ!”

ಲೆನ್ಸಿನ ಮೇಲೆ ಅಂಗೈ ಇಟ್ಟೆ. ಬೀಗರ ಕಡೆಯವರು ಕೂಗಾಡಿದರು. ಅಂಗೈ ತೆಗೆಯಲಿಲ್ಲ. ಕೊನೆಗೆ ಲೈಟು ಆರಿತು, ಚಪ್ಪರ ಒಂದು ಗಳಿಗೆ ಮಬ್ಬಾಯಿತು. ಮನೆಯವರು ಹಿಂದೆ ಹೋಗಿ ತಾಯಿಯ ಕೈ ಹಿಡಿದು ಕರೆತಂದರು.

“ಖರೇನ ಬಂದ್ ಅದನ?” ಎಂದು ಅತ್ತೆ ನನ್ನ ಕಿವಿಯಲ್ಲಿ ಕೇಳಿದರು.

“ಬಂದ್ ಅದ ಅತ್ತಿ. ಹಾಕ್ರಿ.”

ಮುಷ್ಟಿ ಬಿಚ್ಚಿ ಅಕ್ಕಿ ಹಾಕಿದರು. ಅಷ್ಟು ಹೊತ್ತು ಬಿಗಿಹಿಡಿದದ್ದಕ್ಕೆ ಕಾಳುಗಳು ಬೆವರಿಗೆ ಅಂಗೈಗೇ ಅಂಟಿದ್ದವು. ಇನ್ನೊಂದು ಕೈಯಿಂದ ಸವರಿ ಸವರಿ ಹಾಕಿದರು.

ಮೈದುನನ ಹೆಂಡತಿಗೆ, ನನ್ನ ನೆಗೆಣ್ಣಿಗೆ, ಅದು ಇವತ್ತಿಗೂ ಸಿಟ್ಟು. ಅವಳ ಮದುವೆಯ ಸೀಡಿಯಲ್ಲಿ ಮಂತ್ರ ನಡೆಯುತ್ತಿರುವಾಗ ಒಂದು ಕೈ ಅಡ್ಡ ಬರುತ್ತದೆ, ಕತ್ತಲೆಯಾಗುತ್ತದೆ, ಆಮೇಲೆ ನೇರ ಊಟದ ಪಂಕ್ತಿ. ಹಾಕಿದಾಗಲೆಲ್ಲ, “ನೋಡ್ರಿ, ನಮ್ಮಕ್ಕನ ಕೈ,” ಎಂದು ಬಂದವರಿಗೆ ತೋರಿಸುತ್ತಾಳೆ. ಅವಳ ಸಿಟ್ಟು ನ್ಯಾಯದ್ದೇ. ನಾನು ಚಹಾ ಇಡಲು ಒಳಗೆ ಹೋಗುತ್ತೇನೆ.